ಒಂದು ಬಾಗಿಲಿಗೆ ಒಂದೇ ಮಾತು

ಆಟೋ ಮೇಲೆ ಕಟ್ಟಿದ ಮೈಕಿನ ಪ್ರಕಟಣೆಯನ್ನು ಯಾರೂ ಪೂರ್ತಿ ಕೇಳುವುದಿಲ್ಲ. ಆಟೋ ಬರುತ್ತದೆ, ಹೋಗುತ್ತದೆ. ಬಾಗಿಲಲ್ಲಿ ನಿಂತವರ ಕಿವಿಗೆ ಸ್ಪಷ್ಟವಾಗಿ ಬೀಳುವುದು ಒಂದೇ ವಾಕ್ಯ. ಅದರ ಹಿಂದಿನದು ಪಕ್ಕದ ಮನೆಯವರ ಪಾಲು, ಮುಂದಿನದು ಮೂಲೆ ಅಂಗಡಿಯವರ ಪಾಲು. ಹಾಗಾಗಿ ದನಿ ಕೊಡುವಾಗ ನಾನು ಪಾಲಿಸುವ ನಿಯಮ ಒಂದೇ: ಪ್ರತಿ ವಾಕ್ಯವೂ ಒಂಟಿಯಾಗಿ ಕೇಳಿದರೂ ಅರ್ಥವಾಗಬೇಕು. ಬರೆದು ಕೊಟ್ಟ ಕಾಗದದಲ್ಲಿ 'ಆದ್ದರಿಂದ', 'ಮೇಲ್ಕಂಡ' ಎಂದೇನಾದರೂ ಕಂಡರೆ ಮೊದಲು ಗೀಟು ಹಾಕುತ್ತೇನೆ.

ಕಮ್ಮನಹಳ್ಳಿ ಮುಖ್ಯರಸ್ತೆಯಲ್ಲಿ ಬೇಕರಿಯೊಂದರ ಮೇಲಿನ ಕೋಣೆ ನನ್ನ ಸ್ಟುಡಿಯೋ. ಸ್ಟುಡಿಯೋ ಎನ್ನುವುದು ದೊಡ್ಡ ಮಾತಾಯಿತು. ಗೋಡೆಗೆ ಹಳೆಯ ರಜಾಯಿ ಹೊಡೆದಿದ್ದೇನೆ, ಒಂದು ಮೈಕು, ಒಂದು ಲ್ಯಾಪ್‌ಟಾಪ್ ಇವೆ. ಕೆಳಗೆ ಬನ್ನು ಬೇಯುವ ವಾಸನೆಗೆ ಬಾಯಲ್ಲಿ ನೀರೂರಿ ಮಾತು ಕೆಡುತ್ತದೆ, ಅದಕ್ಕೇ ಉಂಡು ಬಂದು ಕೂರುತ್ತೇನೆ. ಹಸಿ ಕಸ ಒಣ ಕಸ, ನೀರು ಬರುವುದಿಲ್ಲ, ಪೋಲಿಯೊ ಹನಿ, ಸೀರೆ ಮೇಳ, ಇವೇ ನನ್ನ ಸಾಹಿತ್ಯ. ನಾನು ಹೇಳಿದ್ದನ್ನು ಪೆನ್‌ಡ್ರೈವಿಗೆ ಹಾಕಿಕೊಂಡು ಬೀದಿ ಸುತ್ತುವವನು ಶಿವಾಜಿನಗರದ ಒಬ್ಬ ಆಟೋ ಚಾಲಕ. ವಯಸ್ಸಿನಲ್ಲಿ ನನಗಿಂತ ದೊಡ್ಡವನಾದರೂ ನನ್ನನ್ನು ಅಕ್ಕಾ ಎನ್ನುತ್ತಾನೆ.

ಗಡಿಯಲ್ಲಿ ಗುಂಡು ಹಾರಲು ಶುರುವಾದ ವಾರ ಊರಿಗೆ ಊರೇ ಬೇರೆ ಥರ ಕಿವಿ ನಿಮಿರಿಸಿಕೊಂಡಿತ್ತು. ಹಲಸೂರಿನ ನಮ್ಮ ಮನೆಯ ಮೇಲೆ ದಿನವೂ ಹಾರುವ ವಿಮಾನಗಳನ್ನು ಯಾರೂ ತಲೆಯೆತ್ತಿ ನೋಡಿದವರಲ್ಲ. ಆ ವಾರ ತರಕಾರಿ ಕೊಳ್ಳುತ್ತಿದ್ದವರೂ ನಿಂತು ನೋಡುತ್ತಿದ್ದರು. ಅಂಗಡಿಗಳಲ್ಲಿ ಮೇಣದಬತ್ತಿ ಖಾಲಿಯಾಯಿತು. ಎದುರು ಮನೆಯ ನಿವೃತ್ತ ವಿಮಾ ಅಧಿಕಾರಿಗಳು ಕಿಟಕಿಗೆ ಪೇಪರು ಅಂಟಿಸಿ, ಅಂಟಿಸುವ ಕ್ರಮವನ್ನು ಬೀದಿಯ ವಾಟ್ಸಾಪ್ ಗುಂಪಿಗೆ ಕಳಿಸಿದರು. ನಾವೆಲ್ಲ ನಕ್ಕೆವು. ನಕ್ಕವರೇ ಹೋಗಿ ಅಕ್ಕಿ ತಂದಿಟ್ಟುಕೊಂಡೆವು.

ವಾರ್ಡ್ ಕಚೇರಿಯ ಅಧಿಕಾರಿಯಿಂದ ಫೋನು ಬಂದದ್ದು ಆಗ. ಸಂಜೆ ಕತ್ತಲೆಯ ಅಭ್ಯಾಸ ನಡೆಯುತ್ತದೆ, ಸೈರನ್ ಕೂಗಿದೊಡನೆ ಎಲ್ಲರೂ ದೀಪ ತೆಗೆಯಬೇಕು, ಕನ್ನಡ, ತಮಿಳು, ಉರ್ದು ಮೂರರಲ್ಲೂ ಪ್ರಕಟಣೆ ಬೇಕು, ಮಧ್ಯಾಹ್ನದೊಳಗೆ ಬೇಕು ಎಂದರು. ತಮಿಳಿಗೆ, ಉರ್ದುವಿಗೆ ಬೇರೆಯವರನ್ನು ಹಿಡಿದೆ. ಕನ್ನಡದ ಕಾಗದದಲ್ಲಿ 'ತಮ್ಮ ನಿವಾಸಗಳ ದೀಪಗಳನ್ನು ನಂದಿಸತಕ್ಕದ್ದು' ಎಂದಿತ್ತು. ಆಟೋ ಮೇಲಿನ ಹಾರ್ನ್ ಸ್ಪೀಕರಿನಲ್ಲಿ 'ನಂದಿಸು' ಎಂದರೆ ಅರ್ಧ ಊರಿಗೆ ನಂದಿ ಎಂದಷ್ಟೇ ಕೇಳಿಸುತ್ತದೆ. 'ಲೈಟ್ ಆಫ್ ಮಾಡಿ' ಎನ್ನೋಣ ಸಾರ್, ಎಲ್ಲರೂ ಅನ್ನುವುದೇ ಹಾಗೆ ಎಂದೆ. ಕನ್ನಡದ ಪ್ರಕಟಣೆಯಲ್ಲಿ ಇಂಗ್ಲಿಷ್ ಬಂದರೆ ನಾಳೆ ಪೇಪರಿನಲ್ಲಿ ನನ್ನ ಹೆಸರು ಬರುತ್ತದೆ ಎಂದರು. ಸರಿ, ಇಬ್ಬರೂ ಒಪ್ಪಿದ್ದು 'ಆರಿಸಿ'. ನಿಮ್ಮ ಮನೆಯ ದೀಪ ಆರಿಸಿ. ಚಿಕ್ಕ ಪದ, ರಕಾರ ಇದೆ, ಹಾರ್ನಿನಲ್ಲಿ ಮೊಳಗುತ್ತದೆ. ಆಟೋ ಚಾಲಕ ಕೇಳಿ, ಯಾವ ಪಾರ್ಟಿ ಗುರುತು ಅಕ್ಕಾ ದೀಪ ಎಂದು ತಮಾಷೆ ಮಾಡಿದ. ಚುನಾವಣೆಯಲ್ಲಿ ಅಭ್ಯರ್ಥಿಗಳನ್ನು 'ಆರಿಸಿ' ಎಂದು ಕೂಗುವುದೂ ನನ್ನದೇ ದನಿ.

ಅಂದು ಸಂಜೆ ನಾನು ಮನೆಯ ತಾರಸಿಯಲ್ಲಿ ನಿಂತಿದ್ದೆ. ನನ್ನ ದನಿ ಮೊದಲು ಕೆರೆಯ ಕಡೆಯಿಂದ ಬಂತು, ಆಮೇಲೆ ಮರ್ಫಿ ಟೌನಿನ ಕಡೆಯಿಂದ. ಎರಡೂ ಒಂದರ ಮೇಲೊಂದು ಬಿದ್ದು, ನಾನೇ ನನಗೆ ಪ್ರತ್ಯುತ್ತರ ಕೊಡುತ್ತಿರುವಂತೆ ಕೇಳಿಸಿತು. ಸೈರನ್ ಏರಿತು, ಇಳಿಯಿತು. ಬೀದಿಬೀದಿಯಾಗಿ ದೀಪಗಳು ಹೋದವು. ಮೆಟ್ರೊ ನಿಲ್ದಾಣವೂ ಕಪ್ಪಾಯಿತು. ಇಷ್ಟು ದೊಡ್ಡ ಊರು ನನ್ನ ಒಂದು ಮಾತಿಗೆ ಕತ್ತಲಾಯಿತಲ್ಲ ಎಂದು ಒಳಗೇ ಜಂಭವೂ ಆಯಿತು, ಹಿಂದೆಯೇ ಮೈ ಜುಮ್ಮೆಂದಿತು. ಕತ್ತಲೆಯಲ್ಲಿ ಎಲ್ಲೋ ಒಂದು ಮಗು ಅಳುತ್ತಿತ್ತು, ಅದನ್ನು ಸುಮ್ಮನಿರಿಸುವ ಸದ್ದೂ ಕೇಳುತ್ತಿತ್ತು. ಅಷ್ಟು ದೂರದ ಮನೆಯೊಳಗಿನ ಸದ್ದು ನಮ್ಮೂರಿನಲ್ಲಿ ಕೇಳಿದ್ದು ನನಗೆ ಅದೇ ಮೊದಲು.

ಮರುದಿನ ಬೆಳಿಗ್ಗೆ ಆಟೋ ಚಾಲಕ ಬಂದವನು ಎಂದಿನಂತೆ ಬನ್ನು ತಿನ್ನಲಿಲ್ಲ. ಮರ್ಫಿ ಟೌನಿನ ಒಂದು ಓಣಿಯಲ್ಲಿ, ಯಾದಗಿರಿ ಕಡೆಯವರು ಸಾಲಾಗಿ ಬಾಡಿಗೆಗಿರುವ ಕೋಣೆಗಳಲ್ಲಿ, ಒಂದರ ದೀಪ ಮಾತ್ರ ಹೋಗಿರಲಿಲ್ಲವಂತೆ. ಕರೆಂಟಿನದಲ್ಲ, ಎಣ್ಣೆಯ ದೀಪ. ಬಾಗಿಲಲ್ಲಿ ನಿಂತ ಹೆಂಗಸು ತೆಗೆಯುವುದಿಲ್ಲ ಎಂದಳು. ಅಕ್ಕಪಕ್ಕದವರು ಬೈದರು, ನಿನ್ನೊಬ್ಬಳಿಂದ ಓಣಿಯೆಲ್ಲ ಸುಟ್ಟುಹೋಗುತ್ತದೆ ಎಂದರು. ಕಡೆಗೆ ಯಾರೋ ಒಬ್ಬ ಒಳಗೆ ನುಗ್ಗಿ ಬಾಯಿಂದ ಊದಿಬಿಟ್ಟ.

"ಅವ್ರು ಅಳ್ಲಿಲ್ಲ ಅಕ್ಕಾ," ಎಂದ ಚಾಲಕ. "ನನ್ ಆಟೋ ಹತ್ರ ಬಂದು, ಮಾತಾಡಿದ್ದು ಯಾರು ಅಂತ ಕೇಳಿದ್ರು. ನಾನು ನಿಮ್ ಅಡ್ರೆಸ್ ಕೊಟ್ಬಿಟ್ಟೆ. ತಪ್ಪಾಯ್ತಾ?"

ಅವಳು ಅದೇ ಮಧ್ಯಾಹ್ನ ಬಂದಳು. ಇಂದಿರಾನಗರದ ಅಪಾರ್ಟ್‌ಮೆಂಟೊಂದರಲ್ಲಿ ನೆಲ ಒರೆಸುವ ಕೆಲಸ, ಅಲ್ಲಿನ ನೀಲಿ ಸಮವಸ್ತ್ರದಲ್ಲೇ ಬಂದಿದ್ದಳು. ಚಪ್ಪಲಿಯನ್ನು ಮೆಟ್ಟಿಲ ಕೆಳಗೇ ಬಿಟ್ಟಿದ್ದಳು. ಬೈಯಲು ಬಂದಿದ್ದಾಳೆಂದು ನಾನು ಉತ್ತರವನ್ನೆಲ್ಲ ಸಿದ್ಧಮಾಡಿಕೊಂಡಿದ್ದೆ. ಸರ್ಕಾರದ ಆದೇಶ, ನಿಮ್ಮ ಕ್ಷೇಮಕ್ಕೇ, ಇತ್ಯಾದಿ. ಅವಳು ರಜಾಯಿ ಹೊಡೆದ ಗೋಡೆಯನ್ನು ಒಮ್ಮೆ ನೋಡಿ, ಮೈಕನ್ನು ನೋಡಿ, ನನ್ನನ್ನು ನೋಡಿದಳು.

"ಅಕ್ಕಾರ, ಆ ಮಾತು ಅಂದಾಕಿ ನೀವೇ ಏನ್ರಿ?"

ಹೌದೆಂದೆ. ಕೂರು ಎಂದರೂ ಕೂರಲಿಲ್ಲ. ಅವಳ ಗಂಡ ಕಲ್ಲು ಒಡೆಯುವವನು. ಗುತ್ತಿಗೆದಾರನೊಬ್ಬ ಊರಿನವರನ್ನು ಗುಂಪು ಕಟ್ಟಿ ಗಡಿ ಭಾಗದ ಬೆಟ್ಟಕ್ಕೆ ಸುರಂಗದ ಕೆಲಸಕ್ಕೆ ಒಯ್ದಿದ್ದ. ಗುಂಡು ಹಾರಲು ಶುರುವಾದ ದಿನದಿಂದ ಅವನ ಫೋನು ಸತ್ತಿತ್ತು. ಅಂದಿನಿಂದ ಅವಳು ದೀಪ ಹಚ್ಚಿಟ್ಟು, ಎಣ್ಣೆ ಕಡಿಮೆಯಾದಂತೆಲ್ಲ ಹಾಕುತ್ತ, ಕೆಲಸಕ್ಕೆ ಹೋಗುವಾಗ ಪಕ್ಕದ ಮನೆಯ ಮುದುಕಿಗೆ ಹೇಳಿ ಹೋಗುತ್ತಿದ್ದಳು. ಸೈರನ್ನು, ಅಭ್ಯಾಸ, ಯಾವುದೂ ಅವಳಿಗೆ ತಿಳಿದಿರಲಿಲ್ಲ. ಕೆಲಸದಿಂದ ಬಂದು ಬಾಗಿಲಲ್ಲಿ ನಿಂತಾಗ ಆಟೋ ಹಾದುಹೋಯಿತು. ಅವಳ ಬಾಗಿಲಿಗೆ ಬಂದ ವಾಕ್ಯ ಒಂದೇ. ನಿಮ್ಮ ಮನೆಯ ದೀಪ ಆರಿಸಿ. ಒಂಟಿಯಾಗಿ ಕೇಳಿದರೂ ಅರ್ಥವಾಗಬೇಕೆಂಬ ನನ್ನ ನಿಯಮ ಅಲ್ಲಿ ಪೂರ್ತಿಯಾಗಿ ಗೆದ್ದಿತ್ತು.

"ನಮ್ಮ ಕಡಿ ಹಂಗ ಅನ್ನಂಗಿಲ್ರಿ," ಎಂದಳು. "ದೀಪ ದೊಡ್ಡದು ಮಾಡ್ರಿ ಅಂತೀವಿ. ನೀವು ಓಣಿಗೆಲ್ಲ ಕೇಳಂಗ ನನ್ ಮನಿ ದೀಪ ಆರಸು ಅಂದ್ರಿ."

ನನಗೆ ಮೊದಲು ಬಂದದ್ದು ಸಿಟ್ಟು. ಲೈಟಿನ ಮಾತಮ್ಮಾ ಅದು, ಬಲ್ಬಿನ ಮಾತು, ನಿನ್ನ ಗಂಡನಿಗೂ ಅದಕ್ಕೂ ಏನು ಸಂಬಂಧ ಎಂದು ಗಟ್ಟಿಯಾಗಿಯೇ ಅಂದೆ. ಅವಳು ವಾದಿಸಲಿಲ್ಲ. ವಾದಿಸಿದ್ದರೆ ಚೆನ್ನಾಗಿತ್ತು. ಅವಳ ಮಾತಿಗೆ ನಮ್ಮಜ್ಜಿಯ ನೆನಪಾಯಿತು. ಅವರೂ ಹಾಗೆಯೇ. ಬಳೆ ಒಡೆಯಿತು ಎನ್ನುವಂತಿಲ್ಲ, ಹೆಚ್ಚಿತು ಎನ್ನಬೇಕು. ದೀಪ ಆರಿತು ಎನ್ನುವಂತಿಲ್ಲ, ದೊಡ್ಡದಾಯಿತು ಎನ್ನಬೇಕು. ಬಾಯಿಂದಂತೂ ಊದುವಂತೆಯೇ ಇಲ್ಲ, ಹೂವಿನ ತುದಿಯಿಂದ ಬತ್ತಿಯನ್ನು ಎಣ್ಣೆಗೆ ಜಾರಿಸಬೇಕು. ಮಾತನ್ನೇ ಮಾರಿ ಬದುಕುವ ನನಗೆ ಆ ಕಾಗದ ಓದುವಾಗ ಇದೊಂದೂ ಹೊಳೆದಿರಲಿಲ್ಲ.

"ಮೈಕಿನ್ಯಾಗ ಅಂದಿದ್ದು ಮೈಕಿನ್ಯಾಗೇ ತಿರುಗಿ ತಗೋಬೇಕ್ರಿ," ಎಂದಳು. ಅಷ್ಟು ಹೇಳಿ ಇಳಿದು ಹೋದಳು.

ಎರಡನೆಯ ಅಭ್ಯಾಸ ಮರುದಿನವೇ ಇತ್ತು. ನಾನು ಅಧಿಕಾರಿಯನ್ನು ಕೇಳದೆ, ಪದ ಬದಲಿಸಿ 'ದೀಪ ದೊಡ್ಡದು ಮಾಡಿ' ಎಂದು ಹೊಸದಾಗಿ ರೆಕಾರ್ಡ್ ಮಾಡಿ ಕೊಟ್ಟೆ. ತುಂಬ ಜಾಣತನ ಮಾಡಿದೆನೆಂದುಕೊಂಡಿದ್ದೆ. ಸಂಜೆ ಸೈರನ್ ಕೂಗಿದಾಗ ನಮ್ಮ ಬೀದಿಯೇ ಜಗಮಗವಾಯಿತು. ಎದುರು ಮನೆಯ ವಿಮಾ ಅಧಿಕಾರಿಗಳು ಮೊನ್ನೆ ಕತ್ತಲೆ, ಇವತ್ತು ಬೆಳಕಿನ ಅಭ್ಯಾಸವೆಂದು ತಿಳಿದು ಗೇಟಿನ ದೀಪ, ತಾರಸಿಯ ದೀಪ, ಮೊಮ್ಮಗಳ ಮದುವೆಗೆ ತಂದ ಸೀರಿಯಲ್ ಸೆಟ್ಟು ಎಲ್ಲವನ್ನೂ ಹಾಕಿಬಿಟ್ಟಿದ್ದರು. ಅವರನ್ನು ನೋಡಿ ಉಳಿದವರೂ ಹಾಕಿದರು. ವಾರ್ಡ್ ಅಧಿಕಾರಿ ಫೋನಿನಲ್ಲಿ ಬಾಯಿಗೆ ಬಂದಂತೆ ಬೈದರು. ನಿಮ್ಮ ಅಜ್ಜಿಯ ಭಾಷೆಗೆ ನನ್ನ ಕೆಲಸ ಹೋಗುತ್ತದೆ ಎಂದರು. ಮೂರನೆಯ ಸಲಕ್ಕೆ 'ಲೈಟ್ ಆಫ್ ಮಾಡಿ' ಎಂದೇ ಹೇಳಿಸಿದರು. ಯಾವ ಪೇಪರಿನಲ್ಲೂ ಅವರ ಹೆಸರು ಬರಲಿಲ್ಲ. ಮೊದಲೇ ಹಾಗೆಂದಿದ್ದರೆ ಆ ಹೆಂಗಸಿಗೆ ಏನೂ ಅನ್ನಿಸುತ್ತಿರಲಿಲ್ಲ. ಲೈಟಿಗೆ ಯಾರ ಆಯುಸ್ಸೂ ಅಂಟಿಕೊಂಡಿಲ್ಲ.

ಆಮೇಲೆ ಗುಂಡು ನಿಂತಿತು. ಟಿ.ವಿ.ಯಲ್ಲಿ ಹೇಳಿದರು, ಎಲ್ಲರೂ ನೋಡಿದರು. ಮಾರನೆಯ ದಿನ ಅಂಗಡಿಯವನು ಹೊಸದಾಗಿ ತರಿಸಿದ್ದ ಮೇಣದಬತ್ತಿಯ ಪೆಟ್ಟಿಗೆಯನ್ನು ಹಿಂದಕ್ಕೆ ತಳ್ಳಿ ಮುಂದೆ ಬಿಸ್ಕೆಟು ಇಟ್ಟ. ವಿಮಾ ಅಧಿಕಾರಿಗಳು ಕಿಟಕಿಯ ಪೇಪರು ಕೀಳಿಸಿದರು. ಗೋಂದಿನ ಕಲೆ ಉಳಿದದ್ದಕ್ಕೆ ಕೆಲಸದವಳ ಮೇಲೆ ರೇಗಿದರು. ನಾನು ವಾರ್ಡ್ ಕಚೇರಿಗೆ ಫೋನು ಮಾಡಿ, ಮುಗಿಯಿತೆಂದು ಒಂದು ಪ್ರಕಟಣೆ ಬೇಡವೇ ಎಂದು ಕೇಳಿದೆ. ಹಾಗೊಂದು ಆದೇಶ ಬಂದಿಲ್ಲ, ಎಲ್ಲರಿಗೂ ಗೊತ್ತೇ ಇದೆಯಲ್ಲ ಎಂದರು. ಕಸದ ಪ್ರಕಟಣೆಯನ್ನು ಮತ್ತೆ ಶುರುಮಾಡಿ ಎಂದರು.

ಶುರುಮಾಡಿದೆವು. ಹಸಿ ಕಸ ಬೇರೆ ಕೊಡಿ, ಒಣ ಕಸ ಬೇರೆ ಕೊಡಿ. ಕೆಲವು ದಿನ ಕಳೆದ ಮೇಲೆ ಚಾಲಕ ಒಂದು ಸಂಗತಿ ಹೇಳಿದ. ಆ ಓಣಿಗೆ ಆಟೋ ಹೊಕ್ಕೊಡನೆ ಅವಳು ಬಾಗಿಲಿಗೆ ಬಂದು ನಿಲ್ಲುತ್ತಾಳೆ. ಕಸ ತರುವುದಿಲ್ಲ. ಮೊದಲ ಮಾತಿನಿಂದ ಕಡೆಯ ಮಾತಿನವರೆಗೆ ಕೇಳುತ್ತ, ಆಟೋ ತಿರುವಿಗೆ ಹೋಗುವವರೆಗೂ ಹಿಂದೆಯೇ ನಡೆದು ಬರುತ್ತಾಳೆ. ಆಮೇಲೆ ಒಳಗೆ ಹೋಗುತ್ತಾಳೆ. ಅವಳ ಗಂಡನ ಫೋನು ಇನ್ನೂ ಬಂದಿಲ್ಲ. ದೀಪ ಮತ್ತೆ ಹಚ್ಚಿಲ್ಲ. ಓಣಿಯ ಹೆಂಗಸರು ಹೇಳಿದರೂ ಹಚ್ಚಲಿಲ್ಲವಂತೆ, ಆರಿಸು ಅಂದವರೇ ಹಚ್ಚು ಅನ್ನಬೇಕು ಎನ್ನುತ್ತಾಳಂತೆ.

ಇದನ್ನು ಕೇಳಿದ ಮೇಲೆ ನನಗೆ ಮೈಕಿನ ಮುಂದೆ ಕೂರುವುದೇ ಕಷ್ಟವಾಯಿತು. ಬೆಳಿಗ್ಗೆ ಮನೆಯಲ್ಲಿ ಹಲ್ಲುಜ್ಜುವಾಗ ದೂರದಿಂದ ನನ್ನ ದನಿ ತೇಲಿ ಬರುತ್ತಿತ್ತು. ಸ್ಯಾನಿಟರಿ ಪ್ಯಾಡನ್ನು ಪೇಪರಿನಲ್ಲಿ ಸುತ್ತಿ ಕೊಡಿ ಎಂದು ನಾನು ಲವಲವಿಕೆಯಿಂದ ಹೇಳುತ್ತಿದ್ದೆ. ಆ ಲವಲವಿಕೆಯ ಒಳಗೆ ಕೈಹಾಕಿ ಒಬ್ಬಳು ಒಂದು ಮಾತನ್ನು ಹುಡುಕುತ್ತಿದ್ದಾಳೆ, ಅದು ಅಲ್ಲಿಲ್ಲ ಎಂಬುದು ನನಗೊಬ್ಬಳಿಗೆ ಗೊತ್ತು. ನಲ್ಲಿ ಜೋರಾಗಿ ಬಿಟ್ಟುಕೊಂಡರೂ ಕೇಳಿಸುತ್ತಿತ್ತು. ಸ್ಟುಡಿಯೋದಲ್ಲಿ ಹೆಡ್‌ಫೋನ್ ಹಾಕಿಕೊಂಡು ಸೀರೆ ಮೇಳದ ಮಾತು ತಿದ್ದುವಾಗಲೂ ನಡುವೆ 'ಆರಿಸಿ' ಎಂದು ಬಂದಂತಾಗಿ ಹಿಂದಕ್ಕೆ ಹೋಗಿ ಕೇಳುತ್ತಿದ್ದೆ. ಬಂದೇ ಇರುತ್ತಿತ್ತು. 'ನಿಮಗಿಷ್ಟವಾದ ಸೀರೆ ಆರಿಸಿ' ಎಂದು ನಾನೇ ಹೇಳಿದ್ದೆನಲ್ಲ. ಮನೆಯಲ್ಲಿ ನನ್ನ ಗಂಡ ಲೈಟ್ ತೆಗೆಯೇ ಎಂದರೆ ಎದ್ದು ಹೋಗಿ ತೆಗೆಯಲು ಕೈ ಬಾರದೆ, ನೀವೇ ತೆಗೀರಿ ಎನ್ನುತ್ತಿದ್ದೆ.

ಹೇಳಿಬಿಡುವುದೆಂದು ಕಡೆಗೆ ನಿಶ್ಚಯಿಸಿದೆ. ಆದೇಶವಿಲ್ಲದ ಪ್ರಕಟಣೆ ವಾರ್ಡಿನ ಆಟೋದಲ್ಲಿ ಹೋದರೆ ಕೆಲಸ ಕೈತಪ್ಪುತ್ತದೆ. ಈಗಾಗಲೇ ಒಮ್ಮೆ ಬೀದಿಗೆ ಸೀರಿಯಲ್ ಸೆಟ್ ಹಾಕಿಸಿದವಳು ನಾನು. ನಿಜವಾದ ಭಯ ಅದಲ್ಲ. ಅವಳ ಗಂಡ ಬರದೇ ಹೋದರೆ? ಹಚ್ಚು ಎಂದು ನಾನು ಊರಿಗೆಲ್ಲ ಕೇಳುವಂತೆ ಹೇಳಿ, ಅವಳು ನಂಬಿ ಹಚ್ಚಿ, ಆಮೇಲೆ ಸುದ್ದಿ ಬೇರೆ ಬಂದರೆ, ಎರಡನೆಯ ಸಲವೂ ಅದೇ ದನಿ ಅವಳ ಬಾಗಿಲಿಗೆ ಬಂದು ಮೋಸ ಮಾಡಿದಂತಾಗುತ್ತದೆ. ಇದನ್ನು ಚಾಲಕನಿಗೆ ಹೇಳಿದೆ. ಅವನು ತಲೆ ಕೆರೆದುಕೊಂಡು, ಹಚ್ಚು ಅನ್ನೋಣ ಅಕ್ಕಾ, ಬರ್ತಾನೆ ಅಂತ ನಾವೆಲ್ಲಿ ಅಂತಿದ್ದೀವಿ ಎಂದ. ಅಷ್ಟು ಸಾಕಾಯಿತು.

ರೆಕಾರ್ಡಿಂಗ್ ಸುಲಭವಾಗಲಿಲ್ಲ. 'ದೀಪ ಬೆಳಗಿಸಿ' ಎಂದೆ, ಸಭೆಯ ಉದ್ಘಾಟನೆಯಂತಾಯಿತು. 'ಕತ್ತಲೆಯ ಅಭ್ಯಾಸ ಮುಗಿದಿದೆ' ಎಂದು ಶುರುಮಾಡಿದೆ, ಅದಷ್ಟೇ ಅವಳ ಬಾಗಿಲಿಗೆ ಬಿದ್ದು, ಹಚ್ಚಿ ಎಂಬುದು ಬೇರೆ ಯಾರದೋ ಬಾಗಿಲಿಗೆ ಹೋದರೆ? ಬೇಕಾದದ್ದು ಒಂದೇ ವಾಕ್ಯ, ಎಲ್ಲಿ ಕೇಳಿದರೂ ಅದೇ ವಾಕ್ಯ. ದನಿ ಮಾತ್ರ ಮೊದಲಿನದೇ ಇರಬೇಕು, ಆ ಸಂಜೆಯ ಗಟ್ಟಿ ಸರ್ಕಾರಿ ದನಿ; ಮೆತ್ತಗೆ ಹೇಳಿದರೆ ಬೇರೆ ಯಾರೋ ಅಂದಂತಾಗುತ್ತದೆ. ಹಳೆಯ ಕಡತ ತೆರೆದು ಕೇಳಿಕೊಂಡು ಅದೇ ಶ್ರುತಿ ಹಿಡಿದೆ. ಕೆಳಗೆ ಬೇಕರಿಯವರು ತಟ್ಟೆ ಬೀಳಿಸಿದರು, ಬೀದಿಯಲ್ಲಿ ಹಾರ್ನು, ಮತ್ತೆ ಮೊದಲಿನಿಂದ. ಕಡೆಗೆ ಸರಿಯಾಗಿ ಬಂದದ್ದು ಇಷ್ಟು: ನಿಮ್ಮ ಮನೆಯ ದೀಪ ಹಚ್ಚಿಕೊಳ್ಳಿ.

ದೀಪ ಹಚ್ಚುವ ಹೊತ್ತಿಗೆ ನಾನೂ ಆಟೋದಲ್ಲಿ ಕೂತು ಹೋದೆ. ಓಣಿ ಅಗಲವಿಲ್ಲ, ಎರಡೂ ಕಡೆ ಬಕೆಟ್ಟು, ಸೈಕಲ್ಲು. ಚಾಲಕ ಕಾಲ್ನಡಿಗೆಯ ವೇಗದಲ್ಲಿ ಬಿಟ್ಟ. ನನ್ನ ದನಿ ತಲೆಯ ಮೇಲೇ ಮೊಳಗುತ್ತಿತ್ತು. ಒಬ್ಬ ಮುದುಕ, ಹಚ್ಚೇ ಅದಲ್ಲ ಎಂದು ತನ್ನ ಟ್ಯೂಬ್‌ಲೈಟ್ ತೋರಿಸಿದ. ಯಾರೋ ನಕ್ಕರು. ಅವಳು ಬಾಗಿಲಿಗೆ ಬಂದಳು, ಒಮ್ಮೆ ಕೇಳಿದಳು. ಎರಡನೆಯ ಸಲ ಬರಲೆಂದು ನಿಂತಳು, ಬಂತು. ಒಳಗೆ ಹೋದಳು. ಕಡ್ಡಿ ಗೀರಿದ್ದು ನನಗೆ ಕಾಣಿಸಿತು, ಮೊದಲನೆಯದು ಹತ್ತಲಿಲ್ಲ, ಎರಡನೆಯದು ಹತ್ತಿತು. ಗೂಡಿನಲ್ಲಿ ದೀಪ ನಿಂತ ಮೇಲೆ ನನ್ನ ಕಡೆ ತಿರುಗಿಯೂ ನೋಡದೆ ಎಣ್ಣೆಯ ಬಾಟಲಿಗೆ ಮುಚ್ಚಳ ಹಾಕಿದಳು. ನನಗೆ ಅಳು ಬಂತು. ಚಾಲಕ ಕನ್ನಡಿಯಲ್ಲಿ ನೋಡಿ, ವಾಲ್ಯೂಮ್ ಇನ್ನಷ್ಟು ಏರಿಸಿದ.

ಅಧಿಕಾರಿಗೆ ವಿಷಯ ಮುಟ್ಟಿತು. ಕರೆಸಿ ಕೇಳಿದರು. ಇದ್ದದ್ದು ಇದ್ದಂತೆ ಹೇಳಿದೆ. ಅವರು ಪೇಪರ್‌ವೇಟ್ ಪಕ್ಕಕ್ಕಿಟ್ಟು, ನಮ್ಮ ತಾಯಿಯೂ ದೊಡ್ಡದು ಮಾಡು ಅಂತಲೇ ಅನ್ನುತ್ತಿದ್ದರು, ಹೋಗಿ ಎಂದರು.

ಅವಳ ಗಂಡ ಬಂದ. ಕೆಲವು ವಾರಗಳ ಮೇಲೆ, ಕೆ.ಆರ್. ಪುರಂ ಸ್ಟೇಷನ್ನಿನಲ್ಲಿ ಇಳಿದು, ಫೋನಿಲ್ಲದ್ದರಿಂದ ಯಾರಿಗೂ ಹೇಳದೆ ಮನೆಯ ಬಾಗಿಲಿಗೇ ಬಂದ. ಚಾಲಕ ಈ ಸುದ್ದಿ ತಂದ ದಿನ ನಾವಿಬ್ಬರೂ ಕೆಳಗಿಳಿದು ಬೇಕರಿಯಲ್ಲಿ ಜಾಮೂನು ತಿಂದೆವು. ಮುಗಿಯಿತು ಎಂದುಕೊಂಡೆ.

ಅವಳು ಮತ್ತೆ ಬಂದದ್ದು ಅದಾದ ಎಷ್ಟೋ ದಿನಗಳಿಗೆ. ಅದೇ ನೀಲಿ ಸಮವಸ್ತ್ರ, ಕಣ್ಣ ಕೆಳಗೆ ಕಪ್ಪು. ಈ ಸಲ ಕೂತಳು. ಅವನಿಗೆ ಮೈಗೆ ಏನೂ ಆಗಿಲ್ಲ. ಗುಂಡು ಹಾರಿದಷ್ಟು ದಿನವೂ ಕೆಲಸದವರನ್ನೆಲ್ಲ ಸುರಂಗದೊಳಗೇ ಕೂರಿಸಿದ್ದರಂತೆ. ಬೀಡಿ ಹಚ್ಚುವಂತಿಲ್ಲ, ಫೋನು ತೆಗೆಯುವಂತಿಲ್ಲ. ಪಕ್ಕದಲ್ಲಿ ಕೂತವನು ಇದ್ದಾನೋ ಇಲ್ಲವೋ ಎಂದು ಕೈಯಿಂದ ಮುಟ್ಟಿ ನೋಡಬೇಕಿತ್ತು. ಒಬ್ಬನು ಎದ್ದು ಸುರಂಗದ ಬಾಯಿಯ ಕಡೆ ಹೋದವನು ತಿರುಗಿ ಬರಲಿಲ್ಲ. ಈಗ ಅವನು ಮನೆಯಲ್ಲಿ ಬಲ್ಬು ಆಫ್ ಮಾಡಲು ಬಿಡುವುದಿಲ್ಲ, ದೀಪ ದೊಡ್ಡದು ಮಾಡಲೂ ಬಿಡುವುದಿಲ್ಲ. ಬೆಳಕಿನಲ್ಲಿ ಕಣ್ಣು ಬಿಟ್ಟುಕೊಂಡು ಕೂರುತ್ತಾನೆ. ಹೆಂಡತಿ ಮಲಗಿದರೆ ಆಗಾಗ ಅವಳ ತೋಳು ಮುಟ್ಟಿ ನೋಡುತ್ತಾನೆ. ಕೆಲಸಕ್ಕೆ ಹೋಗಿಲ್ಲ. ಆಸ್ಪತ್ರೆಯಲ್ಲಿ ಗುಳಿಗೆ ಕೊಟ್ಟಿದ್ದಾರೆ, ನುಂಗುತ್ತಾನೆ, ಮಲಗುವುದಿಲ್ಲ. ಯಾರ ಮಾತನ್ನೂ ಕೇಳದವನು ಬೆಳಗಿನ ಆಟೋ ಬಂದಾಗ ಮಾತ್ರ ಬಾಗಿಲಿಗೆ ಬಂದು, ಹೇಳಿದಂತೆ ಹಸಿ ಕಸ ಬೇರೆ, ಒಣ ಕಸ ಬೇರೆ ಮಾಡಿ ಕೊಡುತ್ತಾನಂತೆ.

ತನ್ನ ಫೋನನ್ನು ಮೇಜಿನ ಮೇಲಿಟ್ಟಳು. ಮನೆಯವರಿಗೆ ನೀವು ಹೇಳಿರಿ, ಇದರಲ್ಲಿ ಹಾಕಿಕೊಡಿ ಎಂದಳು. ಏನು ಹೇಳಲಿ ಎಂದು ಕೇಳಬೇಕಾಗಿರಲಿಲ್ಲ.

ನಾನು ಮೈಕಿನ ಮುಂದೆ ಕೂತೆ. ಸರ್ಕಾರಿ ದನಿ ಬೇಡವೆನ್ನಿಸಿತು. ಅಜ್ಜಿ ಜಗಲಿಯಿಂದ ಒಳಗಿನವರಿಗೆ ಕೂಗಿ ಹೇಳುತ್ತಿದ್ದ ದನಿಯನ್ನು ನೆನೆಸಿಕೊಂಡೆ. "ದೀಪ ದೊಡ್ಡದು ಮಾಡ್ರಿ, ಮಲಗ್ರಿ," ಎಂದೆ. ಒಂದೇ ಸಲಕ್ಕೆ ಸರಿಯಾಗಿ ಬಂತು. ಹೆಡ್‌ಫೋನನ್ನು ಅವಳ ಕಿವಿಗೆ ಹಾಕಿ ಕೇಳಿಸಿದೆ. ಅವಳು ಕಣ್ಣು ಮುಚ್ಚಿ ಕೇಳಿದಳು. ಹೆಡ್‌ಫೋನ್ ತೆಗೆದು, ಇನ್ನೂ ಏನೋ ಉಳಿದಿದೆ ಎಂಬಂತೆ ನನ್ನನ್ನು ನೋಡಿದಳು.

"ಇನ್ನೊಂದು ಮಾತು ಹಾಕ್ರಿ ಅಕ್ಕಾರ," ಎಂದಳು. "ಮುಂಜಾನಿ ಮತ್ತ ಹಚ್ಚೋಣಂತ ಅನ್ರಿ."

ಒಂದು ಬಾಗಿಲಿಗೆ ಒಂದೇ ಮಾತು ಎಂದು ಹೇಳಲು ಬಾಯಿ ತೆರೆದೆ, ಆದರೆ ಅದು ಬೀದಿಯ ನಿಯಮ. ಅವಳ ಮನೆಯಲ್ಲಿ ಈ ದನಿ ಯಾವ ಆಟೋ ಮೇಲೂ ಇರುವುದಿಲ್ಲ, ಮುಂದಿನ ಮನೆಗೆ ಹೋಗುವುದಿಲ್ಲ. ಮತ್ತೆ ಮೈಕಿನ ಮುಂದೆ ಕೂತು ಅದನ್ನೂ ಅಂದೆ.